ರಮಾಬಾಯಿ ನಗರ, ಆನಂದ್ ಪಟವರ್ಧನ್ ಮತ್ತು ನಮ್ಮ 40 ಸೆಕೆಂಡಿನ ವಿಡಿಯೊ



ಇವತ್ತು ಜುಲೈ 11. 1997ರಲ್ಲಿ ಇದೇ ದಿನ ಬೆಳಿಗ್ಗೆ ಮುಂಬೈ ಘಾಟ್ಕೋಪರ್‌ನ ರಮಾಬಾಯಿ ಅಂಬೇಡ್ಕರ್ ನಗರದ ಜನ ಎದ್ದು ನೋಡಿದಾಗ ಬಾಬಾಸಾಹೇಬರ ಪ್ರತಿಮೆಗೆ ಯಾರೋ ಚಪ್ಪಲಿ ಹಾರ ಹಾಕಿದ್ದರು. ಜನ ಪಕ್ಕದ ಹೆದ್ದಾರಿಗೆ ಬಂದು ಕೂತರು. ರಾಜ್ಯ ಮೀಸಲು ಪೊಲೀಸರು ಬಂದರು, ಗುಂಡು ಹಾರಿಸಿದರು. ನಮ್ಮವರು 10 ಜನ ಸತ್ತರು. ತಮ್ಮ ಮನೆ ಮುಂದೆ, ಗಲ್ಲಿಯಲ್ಲಿ ನಿಂತಿದ್ದವರಿಗೂ ಗುಂಡು ಬಿತ್ತು.

ಪ್ರತಿ ವರ್ಷ ಈ ದಿನ ಒಂದು ಫೋಟೊ ಹಾಕಿ ನಮನ ಅಂತ ಬರೆದು ಮುಗಿಸ್ತಿದ್ದೆ. ಈ ಸಲ ಹಾಗೆ ಮುಗಿಸೋಕೆ ಆಗ್ತಿಲ್ಲ. ಬರಹ ಉದ್ದ ಇದೆ. ಕೆಲಸ ಮುಗಿಸಿಕೊಂಡು ರಾತ್ರಿ ಓದಿ. ಆದ್ರೆ ಓದಿ.

ಹೋದ ವಾರ ಹಾಸ್ಟೆಲ್ ಹುಡುಗರ ಜೊತೆ ಮಾತಾಡ್ತಾ ಕೂತಿದ್ದೆ. ಡಿಗ್ರಿ ಓದ್ತಿರೋ ಒಬ್ಬ ಹುಡುಗ ಕೇಳಿದ: "ಅಣ್ಣ, ಈಗ ಎಲ್ಲರ ಕೈಲೂ ಕ್ಯಾಮೆರಾ ಇದೆ. ಎಲ್ಲಿ ಹಲ್ಲೆ ಆದ್ರೂ ಅರ್ಧ ಗಂಟೇಲಿ ವಿಡಿಯೊ ಬರುತ್ತೆ. ಆದ್ರೂ ಕೇಸು ಯಾಕಣ್ಣ ನಿಲ್ಲಲ್ಲ?"

ನಾನು ಏನೋ ಹೇಳಿ ಜಾರಿಕೊಂಡೆ. ಯಾಕಂದ್ರೆ ಅವನ ಪ್ರಶ್ನೆ ನೇರವಾಗಿ ನನ್ನ ಎದೆಗೇ ಬಿತ್ತು.

ನಮ್ಮ ತಾಲ್ಲೂಕಿನ ಒಂದು ಹಳ್ಳಿ. ಹೆಸರು ಬೇಡ. ಕಟಿಂಗ್ ಶಾಪ್‌ನಲ್ಲಿ ಹೋಗಿ ಕುರ್ಚಿ ಮೇಲೆ ಕೂತ ಅನ್ನೋ ಒಂದೇ ಕಾರಣಕ್ಕೆ ನಮ್ಮ ಹುಡುಗನನ್ನ ರಸ್ತೆಗೆ ಎಳೆದು ಹೊಡೆದರು. ಅವನ ಗೆಳೆಯ ಫೋನಲ್ಲಿ ತೆಗೆದ ವಿಡಿಯೊ 40 ಸೆಕೆಂಡು. ಅವತ್ತು ಸಂಜೆ ನಾನೇ ಅದನ್ನ ಹತ್ತಾರು ಗುಂಪಿಗೆ ಕಳಿಸಿದೆ. ಪ್ರತಿಭಟನೆ ಆಯ್ತು, ಎಫ್‌ಐಆರ್ ಆಯ್ತು, ತಹಶೀಲ್ದಾರರಿಗೆ ಮನವಿ ಕೊಟ್ಟು ಫೋಟೊ ತೆಗೆಸಿಕೊಂಡ್ವಿ. ಆಮೇಲೆ ಇನ್ನೊಂದು ಊರಲ್ಲಿ ಇನ್ನೊಂದು ಹಲ್ಲೆ. ನಾವು ಅಲ್ಲಿಗೆ ಹೋದ್ವಿ.

ಆ ಹಳ್ಳಿಗೆ ನಾನು ಮತ್ತೆ ಹೋಗಿದ್ದು ಒಂದೂವರೆ ವರ್ಷ ಆದ ಮೇಲೆ, ಹೋದ ತಿಂಗಳು. ಅಷ್ಟರಲ್ಲಿ ಇಬ್ಬರು ಸಾಕ್ಷಿಗಳು ನಾವೇನೂ ನೋಡಿಲ್ಲ ಅಂತ ಕೋರ್ಟಲ್ಲಿ ಹೇಳಿ ಬಂದಿದ್ದರು. ವಿಡಿಯೊ ತೆಗೆದ ಫೋನು ಎಕ್ಸ್‌ಚೇಂಜ್‌ಗೆ ಹೋಗಿತ್ತು. ಹೊಡೆಸಿಕೊಂಡ ಹುಡುಗ ಊರು ಬಿಟ್ಟು ಬೆಂಗಳೂರಲ್ಲಿ ಕೆಲಸಕ್ಕೆ ಸೇರಿದ್ದ. ಅವನ ತಾಯಿ ಮನೆ ಮುಂದೆ ಹುಣಸೆಹಣ್ಣು ಬಿಡಿಸ್ತಾ ಕೂತಿದ್ದರು. ನನ್ನ ಮುಖ ನೋಡಿ ಹೇಳಿದರು: "ಅವತ್ತು ಎಷ್ಟೊಂದ್ ಜನ ಬಂದಿದ್ರಿ ಕಣಪ್ಪ, ಫೋನ್ ಹಿಡ್ಕೊಂಡು. ಆಮೇಲೆ ಒಬ್ರೂ ಈ ಕಡೆ ತಲೆ ಹಾಕಲಿಲ್ಲ. ಈಗ ಏನ್ ತೆಗೆಯೋಕೆ ಬಂದೆ?"

ಬೈದಿದ್ದರೆ ತಡ್ಕೋಬಹುದಿತ್ತು. ಅವರು ಬೈಯಲಿಲ್ಲ. ಸುಮ್ನೆ ಕೇಳಿದರು.

ಬಸ್ಸಲ್ಲಿ ವಾಪಸ್ ಬರುವಾಗ ಇನ್ನೊಬ್ಬ ಹೆಂಗಸಿನ ನೆನಪಾಯ್ತು. 1985ರ ಒಂದು ಸಾಕ್ಷ್ಯಚಿತ್ರ, ಹೆಸರು 'ಹಮಾರಾ ಶಹರ್'. ಮುಂಬೈನಲ್ಲಿ ನಗರಪಾಲಿಕೆಯವರು ಗುಡಿಸಲು ಕಿತ್ತು ಹಾಕ್ತಿದ್ದಾರೆ. ಮನೆ ಕಳಕೊಂಡ ಒಬ್ಬ ತಾಯಿ ಕ್ಯಾಮೆರಾ ಹಿಡಿದವರ ಮೇಲೇ ಸಿಟ್ಟಾಗ್ತಾಳೆ. ಬಡವರ ಫೋಟೊ ತೆಗೆದು ನೀವು ಹೆಸರು ಮಾಡ್ಕೊಳ್ತೀರಿ, ನಮಗೇನು ಸಿಗುತ್ತೆ ಅನ್ನೋದು ಅವಳ ಮಾತಿನ ಸಾರ. ಬೇರೆ ನಿರ್ದೇಶಕರಾಗಿದ್ದರೆ ಆ ತುಣುಕನ್ನ ಎಡಿಟಿಂಗ್‌ನಲ್ಲಿ ಬಿಸಾಡ್ತಿದ್ದರು. ಈ ನಿರ್ದೇಶಕ ಅದನ್ನ ಚಿತ್ರದಲ್ಲೇ ಉಳಿಸಿಕೊಂಡರು.

ಅವರೇ ಆನಂದ್ ಪಟವರ್ಧನ್. ಇವತ್ತು ಅವರ ಬಗ್ಗೆ ಬರೀತಿದ್ದೀನಿ. ಹುಡುಗನ ಪ್ರಶ್ನೆಗೆ ನಾನು ಕೊಡದ ಉತ್ತರ ಅವರ 50 ವರ್ಷದ ಕೆಲಸದಲ್ಲಿ ಇದೆ ಅನ್ನೋದು ನನ್ನ ನಂಬಿಕೆ.

ಮೊದಲೇ ಒಂದು ಮಾತು ಹೇಳಿಬಿಡ್ತೀನಿ, ಆಮೇಲೆ ಕಾಮೆಂಟಲ್ಲಿ ಜಗಳ ಬೇಡ. ಪಟವರ್ಧನ್ ನಮ್ಮ ಕೇರಿಯವರಲ್ಲ. ಮಹಾರಾಷ್ಟ್ರದ ಬ್ರಾಹ್ಮಣ ಮನೆತನ. 1950ರಲ್ಲಿ ಮುಂಬೈನಲ್ಲಿ ಹುಟ್ಟಿದವರು. ದೊಡ್ಡಪ್ಪ ಅಚ್ಯುತ್ ಪಟವರ್ಧನ್ 1942ರ ಚಳವಳಿಯಲ್ಲಿ ಭೂಗತರಾಗಿ ಹೋರಾಡಿದ ಸಮಾಜವಾದಿ ನಾಯಕ. ತಾಯಿ ನಿರ್ಮಲಾ ಹೆಸರಾಂತ ಕುಂಭಕಲಾವಿದೆ. ಮುಂಬೈನಲ್ಲಿ ಬಿ.ಎ., ಅಮೆರಿಕದ ಬ್ರಾಂಡೈಸ್ ವಿಶ್ವವಿದ್ಯಾಲಯದಲ್ಲಿ ಇನ್ನೊಂದು ಡಿಗ್ರಿ. ಅಂದ್ರೆ ಇಂಗ್ಲಿಷು, ಮನೆತನ, ಪಾಸ್‌ಪೋರ್ಟು ಎಲ್ಲಾ ಇತ್ತು. ನಮ್ಮ ಹುಡುಗರಿಗೆ ಇಲ್ಲದ್ದೆಲ್ಲಾ ಇತ್ತು. ಈ ಲೆಕ್ಕಕ್ಕೆ ಕೊನೆಯಲ್ಲಿ ಮತ್ತೆ ಬರ್ತೀನಿ.

ಅಮೆರಿಕದಲ್ಲಿದ್ದಾಗ ವಿಯೆಟ್ನಾಂ ಯುದ್ಧದ ವಿರುದ್ಧದ ಚಳವಳಿಗೆ ಸೇರಿದರು. ಕ್ಯಾಲಿಫೋರ್ನಿಯಾದಲ್ಲಿ ಸೀಸರ್ ಚಾವೆಜ್ ಕಟ್ಟಿದ ತೋಟದ ಕೂಲಿಗಳ ಸಂಘದಲ್ಲಿ ಸ್ವಯಂಸೇವಕರಾಗಿ ದುಡಿದರು. ವಾಪಸ್ ಬಂದು ಮಧ್ಯಪ್ರದೇಶದ 'ಕಿಶೋರ್ ಭಾರತಿ' ಅನ್ನೋ ಗ್ರಾಮೀಣ ಶಿಕ್ಷಣದ ಸಂಸ್ಥೆಯಲ್ಲಿ ಕೆಲಸ ಮಾಡಿದರು. ಕ್ಯಾಮೆರಾ ಅವರ ಕೈಗೆ ಗಟ್ಟಿಯಾಗಿ ಬಂದಿದ್ದು 1974ರಲ್ಲಿ, ಜೆಪಿ ಚಳವಳಿ ನಡೀತಿದ್ದ ಬಿಹಾರದಲ್ಲಿ.

ಆ ಮೊದಲ ಚಿತ್ರ ಮಾಡಿದ ರೀತಿ ಕೇಳಿ. ದುಡ್ಡಿಲ್ಲ, ದೊಡ್ಡ ಕ್ಯಾಮೆರಾ ಇಲ್ಲ. ಉಳ್ಳವರು ಮನೆ ಸಮಾರಂಭಕ್ಕೆ ಬಳಸ್ತಿದ್ದ ಪುಟ್ಟ ಸೂಪರ್ 8 ಕ್ಯಾಮೆರಾದಲ್ಲಿ ತೆಗೆದರು. ತೆಗೆದಿದ್ದನ್ನ ಪರದೆ ಮೇಲೆ ಬಿಟ್ಟು, ಆ ಪರದೆಯನ್ನೇ 16 ಎಂಎಂ ಕ್ಯಾಮೆರಾದಲ್ಲಿ ಮತ್ತೆ ಚಿತ್ರೀಕರಿಸಿ ದೊಡ್ಡದು ಮಾಡಿಕೊಂಡರು. 'ಕ್ರಾಂತಿ ಕೀ ತರಂಗೇಂ' ಅಂತ ಹೆಸರು. ಚಿತ್ರ ಮುಗಿಯೋ ಹೊತ್ತಿಗೆ 1975ರ ತುರ್ತು ಪರಿಸ್ಥಿತಿ ಬಂತು. ತೋರಿಸಿದರೆ ಜೈಲು. ಪ್ರಿಂಟನ್ನ ತುಂಡು ತುಂಡು ಮಾಡಿ ದೇಶದಿಂದ ಆಚೆ ಸಾಗಿಸಿದರು. ಕೆನಡಾದಲ್ಲಿ ಆ ತುಂಡುಗಳನ್ನ ಮತ್ತೆ ಜೋಡಿಸಿದರು. ನಮ್ಮ ಹುಡುಗರು ಫೋನ್ ಚೆನ್ನಾಗಿಲ್ಲ ಅಂತಾರಲ್ಲ, ಅವರಿಗೆ ಈ ಕಥೆ ಹೇಳಿ.

ಕೆನಡಾದಲ್ಲಿ ಓದುತ್ತಲೇ ಅಲ್ಲಿನ ಹೊಲಗಳಲ್ಲಿ ದುಡೀತಿದ್ದ ಪಂಜಾಬಿ ಕೂಲಿಗಳು ಯೂನಿಯನ್ ಕಟ್ಟಿದ ಕಥೆಯನ್ನ 1981ರಲ್ಲಿ ಜಿಮ್ ಮನ್ರೊ ಜೊತೆ ಸೇರಿ ಚಿತ್ರ ಮಾಡಿದರು. ಅದಕ್ಕೂ ಮೊದಲು, ತುರ್ತು ಪರಿಸ್ಥಿತಿ ಮುಗಿದ ಮೇಲೆ 1978ರಲ್ಲಿ ರಾಜಕೀಯ ಕೈದಿಗಳ ಬಗ್ಗೆ 'ಜಮೀರ್ ಕೇ ಬಂದಿ' ಬಂದಿತ್ತು. ಅದರಲ್ಲಿ ಒಂದು ಮುಖ್ಯವಾದ ಮಾತಿದೆ. ತುರ್ತು ಪರಿಸ್ಥಿತಿ ಬರೋಕೆ ಮುಂಚೆಯೂ ಜನ ವಿಚಾರಣೆ ಇಲ್ಲದೆ ಒಳಗಿದ್ದರು, ಹೋದ ಮೇಲೂ ಇದ್ದರು. ದೊಡ್ಡ ನಾಯಕರು ಬಿಡುಗಡೆಯಾದರು ಅಂತ ದೇಶ ಸಂಭ್ರಮ ಪಡ್ತಿದ್ದಾಗ, ಇನ್ನೂ ಯಾರು ಒಳಗಿದ್ದಾರೆ ಅಂತ ನೋಡೋಕೆ ಹೋದ ಕ್ಯಾಮೆರಾ ಅದು.

ಇನ್ನು 'ಹಮಾರಾ ಶಹರ್'ಗೆ ವಾಪಸ್ ಬರೋಣ. 1980ರ ದಶಕದ ಮುಂಬೈ. ಫುಟ್‌ಪಾತ್, ಕೊಳೆಗೇರಿ ಜನರನ್ನ ಮಳೆಗಾಲದಲ್ಲೂ ಎತ್ತಂಗಡಿ ಮಾಡ್ತಿದ್ದ ಕಾಲ. ಓಲ್ಗಾ ಟೆಲ್ಲಿಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಬದುಕುವ ಹಕ್ಕಲ್ಲಿ ಜೀವನೋಪಾಯದ ಹಕ್ಕೂ ಸೇರಿದೆ ಅಂದಿದ್ದು 1985ರಲ್ಲೇ. ಅಂದ ಕೋರ್ಟೇ, ನೋಟಿಸ್ ಕೊಟ್ಟು ತೆರವು ಮಾಡಬಹುದು ಅಂತಲೂ ಹೇಳಿತು. ಈ ಚಿತ್ರ ಎರಡು ಕಡೆಯ ಮಾತನ್ನೂ ಕೇಳಿಸುತ್ತೆ. ಆ ಕಡೆ ಕೊಳೆಗೇರಿ ಕೊಳಕು ಅನ್ನೋ ದೊಡ್ಡ ಮನೆಯವರು, ಅಧಿಕಾರಿಗಳು. ಈ ಕಡೆ ಅದೇ ನಗರದ ಕಟ್ಟಡಗಳನ್ನ ಕಟ್ಟಿದ ಕೈಗಳು.

ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು. ಅದನ್ನ ತಗೊಳ್ಳೋಕೆ ಪಟವರ್ಧನ್ ಹೋಗಲಿಲ್ಲ, ಕೊಳೆಗೇರಿಯ ಒಬ್ಬ ಹೆಂಗಸನ್ನ ದೆಹಲಿಗೆ ಕಳಿಸಿದರು. ಆ ಹೊತ್ತಿಗೆ ಸಂಜಯ್ ಗಾಂಧಿ ನಗರ ಅನ್ನೋ ಕೊಳೆಗೇರಿಯನ್ನ ಕೆಡವಿದ್ದರು. ಅಲ್ಲಿನ ಜನರ ಜೊತೆ ಅವರೂ, ಶಬಾನಾ ಆಜ್ಮಿಯೂ ಉಪವಾಸ ಕೂತರು. ಕೊನೆಗೆ ಸರ್ಕಾರ ಬೇರೆ ಜಾಗ ಕೊಡೋಕೆ ಒಪ್ಪಿತು. ನಿಮ್ಮ ಫೋಟೊದಿಂದ ನಮಗೇನು ಸಿಗುತ್ತೆ ಅಂತ ಕೇಳಿದ ಆ ತಾಯಿಗೆ ಪೂರ್ತಿ ಉತ್ತರ ಸಿಕ್ತು ಅಂತ ನಾನು ಹೇಳಲ್ಲ. ಆದ್ರೆ ಪ್ರಶ್ನೆ ಕೇಳಿಸಿಕೊಂಡ ಮನುಷ್ಯ ಅಲ್ಲೇ ಉಳಿದ, ಇಷ್ಟಂತೂ ನಿಜ.

ಆ ಚಿತ್ರದಲ್ಲಿ ಒಂದು ದನಿ ಇದೆ. ಬಡವರ ಬದುಕನ್ನ ಹಾಡಿ ಹೇಳೋ ಶಾಹೀರ್. ಹೆಸರು ವಿಲಾಸ್ ಘೋಗ್ರೆ. ಆ ಹೆಸರು ನೆನಪಿಟ್ಟುಕೊಳ್ಳಿ, ಮುಂದೆ ಬರುತ್ತೆ.

1990. ವಿ.ಪಿ. ಸಿಂಗ್ ಆಗಸ್ಟ್ 7ರಂದು ಮಂಡಲ್ ವರದಿ ಜಾರಿ ಅಂತ ಘೋಷಿಸಿದರು. ಸೆಪ್ಟೆಂಬರ್ 25ಕ್ಕೆ ಸೋಮನಾಥದಿಂದ ರಥ ಹೊರಟಿತು. ಹಿಂದುಳಿದವರಿಗೆ ಮೀಸಲಾತಿ ಅಂದ ಏಳೇ ವಾರಕ್ಕೆ ದೇಶದ ಮಾತೆಲ್ಲಾ ಮಂದಿರದ ಕಡೆ ತಿರುಗಿದ್ದು ಹೇಗೆ ಅಂತ ನಾವು ಇವತ್ತು ಭಾಷಣದಲ್ಲಿ ಹೇಳ್ತೀವಿ. ಪಟವರ್ಧನ್ ಆ ಹೊತ್ತಲ್ಲೇ ಆ ರಥದ ದಾರಿಯಲ್ಲಿ ಕ್ಯಾಮೆರಾ ಹೊತ್ತು ತಿರುಗ್ತಿದ್ದರು. 'ರಾಮ್ ಕೇ ನಾಮ್' 1992ರ ಚಿತ್ರ. ಕ್ಯಾಮೆರಾ ಅವರದ್ದೇ, ಎಡಿಟಿಂಗೂ ಅವರದ್ದೇ.

ಅವರ ತನಿಖೆಯ ರೀತಿ ಬಹಳ ಸರಳ. ಗುಪ್ತ ಕ್ಯಾಮೆರಾ ಇಲ್ಲ. ಎದುರಿಗೆ ನಿಂತು ಒಂದು ಸಾದಾ ಪ್ರಶ್ನೆ ಕೇಳ್ತಾರೆ, ಆಮೇಲೆ ಸುಮ್ನಾಗ್ತಾರೆ. ಕ್ಯಾಮೆರಾ ಓಡ್ತಾ ಇರುತ್ತೆ. ರಾಮ ಹುಟ್ಟಿದ್ದು ಯಾವಾಗ ಅಂತ ಕರಸೇವಕರನ್ನ ಕೇಳ್ತಾರೆ. 1949ರ ಡಿಸೆಂಬರ್ ರಾತ್ರಿ ಮಸೀದಿ ಒಳಗೆ ಮೂರ್ತಿ ಹೇಗೆ ಬಂತು ಅಂತ ಅದರಲ್ಲಿ ಭಾಗಿಯಾಗಿದ್ದೆ ಅನ್ನೋ ಮಹಂತರನ್ನೇ ಕೇಳ್ತಾರೆ, ಅವರು ಹೇಳ್ತಾರೆ ಕೂಡ. ಸುತ್ತಮುತ್ತಲ ಊರಿನ ದಲಿತರು, ಹಿಂದುಳಿದವರು, ಮುಸ್ಲಿಮರು ಏನಂತಾರೆ ಅಂತ ಕೇಳ್ತಾರೆ. ಕೋರ್ಟು ನೇಮಿಸಿದ್ದ ಪೂಜಾರಿ ಲಾಲ್‌ದಾಸ್ ಇದೆಲ್ಲಾ ಓಟಿನ ಆಟ ಅನ್ನೋ ಅರ್ಥದಲ್ಲಿ ನಿರ್ಭಯವಾಗಿ ಮಾತಾಡ್ತಾರೆ. 1993ರಲ್ಲಿ ಲಾಲ್‌ದಾಸರ ಕೊಲೆಯಾಯ್ತು. ಅವರ ಮಾತು ಇವತ್ತಿಗೂ ಆ ಚಿತ್ರದಲ್ಲಿ ಇದೆ.

ತಮಾಷೆ ನೋಡಿ. ಸರ್ಕಾರ ಆ ಚಿತ್ರಕ್ಕೆ ಅತ್ಯುತ್ತಮ ತನಿಖಾ ಚಿತ್ರ ಅಂತ ರಾಷ್ಟ್ರಪ್ರಶಸ್ತಿ ಕೊಟ್ಟಿತು. ಅದೇ ಸರ್ಕಾರದ ದೂರದರ್ಶನ ಅದನ್ನ ತೋರಿಸಲ್ಲ ಅಂತು. ಬಾಂಬೆ ಹೈಕೋರ್ಟಿಗೆ ಹೋಗಿ ಗೆದ್ದ ಮೇಲೆ 1997ರಲ್ಲಿ ಟಿವಿಯಲ್ಲಿ ಬಂತು. ಅಷ್ಟರಲ್ಲಿ ಮಸೀದಿ ಬಿದ್ದು ಐದು ವರ್ಷ ಆಗಿತ್ತು. 1995ರ 'ಪಿತಾ, ಪುತ್ರ ಔರ್ ಧರ್ಮಯುದ್ಧ'ದ ಕಥೆಯೂ ಅದೇ. ಅದಕ್ಕೆ ಸುಪ್ರೀಂ ಕೋರ್ಟ್ ತನಕ ಹೋಗಬೇಕಾಯ್ತು, ತೀರ್ಪು ಬಂದಿದ್ದು 2006ರಲ್ಲಿ. ಅಣುಬಾಂಬಿನ ವಿರುದ್ಧದ 'ಜಂಗ್ ಔರ್ ಅಮನ್'ಗೆ ಸೆನ್ಸಾರ್ ಮಂಡಳಿ 21 ಕತ್ತರಿ ಹಾಕಿ ಅಂತು. 2003ರಲ್ಲಿ ಬಾಂಬೆ ಹೈಕೋರ್ಟು ಒಂದೂ ಕತ್ತರಿ ಬೇಡ ಅಂತು. 1998ರಲ್ಲಿ ಪೋಖ್ರಾನ್‌ನಲ್ಲಿ ಬಾಂಬ್ ಸಿಡಿಸಿದ ಮೇ 11 ಬುದ್ಧ ಪೂರ್ಣಿಮೆ. ಬುದ್ಧನ ದಿನ ಬಾಂಬು. ಅದು ನಮಗೆ ಎಷ್ಟು ಚುಚ್ಚುತ್ತೆ ಅಂತ ಬೇರೆಯವರಿಗೆ ಹೇಳಿ ತಿಳಿಸಬೇಕು.

ಹೀಗೆ ಚಿತ್ರ ತೆಗೆಯೋಕೆ ಎರಡು ವರ್ಷ, ಅದನ್ನ ತೋರಿಸೋ ಹಕ್ಕಿಗೆ ಐದು ವರ್ಷ, ಹತ್ತು ವರ್ಷ. ನಮ್ಮಲ್ಲಿ ಇದನ್ನ ಯಾರೂ ಲೆಕ್ಕ ಇಡಲ್ಲ.

*

ಈಗ 1997ಕ್ಕೆ, ರಮಾಬಾಯಿ ನಗರಕ್ಕೆ ಬರೋಣ.

ಗುಂಡಿನ ಸುದ್ದಿ ಕೇಳಿ ವಿಲಾಸ್ ಘೋಗ್ರೆ ಅಲ್ಲಿಗೆ ಹೋದರು. ನಾಲ್ಕು ದಿನ ಆದ ಮೇಲೆ, ಜುಲೈ 15ರಂದು ಮುಲುಂಡ್‌ನ ತಮ್ಮ ಗುಡಿಸಲಲ್ಲಿ ನೇಣು ಹಾಕಿಕೊಂಡರು. ಎಷ್ಟೋ ವರ್ಷ ಕೆಂಪು ಬಾವುಟದ ಕಲಾತಂಡದಲ್ಲಿ ಹಾಡಿದ ಮನುಷ್ಯ. ಆ ಸಂಘಟನೆ ಅವರನ್ನ ಹೊರಗೆ ಹಾಕಿತ್ತು. ಸಾಯುವಾಗ ತಲೆಗೆ ನೀಲಿ ಬಟ್ಟೆ ಕಟ್ಟಿಕೊಂಡಿದ್ದರು. ಅಂಬೇಡ್ಕರ್‌ವಾದಿಗಳ ಒಗ್ಗಟ್ಟಿಗೆ ಜಯವಾಗಲಿ ಅನ್ನೋ ಅರ್ಥದ ಮಾತನ್ನ ಬರೆದಿಟ್ಟಿದ್ದರು.

ಪಟವರ್ಧನ್ ತಮ್ಮ ಚಿತ್ರಕ್ಕೆ ಹಾಡಿದ ಗೆಳೆಯನ ಸಾವಿನಿಂದ ಹುಡುಕೋಕೆ ಶುರು ಮಾಡಿದರು. ಗೆಳೆಯ ಯಾಕೆ ಸತ್ತ? ಕೆಂಪಿನಿಂದ ನೀಲಿಗೆ ಯಾಕೆ ವಾಪಸ್ ಹೋದ? ಹತ್ತು ಜನರನ್ನ ಕೊಂದವರಿಗೆ ಏನಾಯ್ತು? ಈ ಹುಡುಕಾಟ ಮುಗಿಯೋಕೆ 14 ವರ್ಷ ಹಿಡಿಯಿತು. 'ಜೈ ಭೀಮ್ ಕಾಮ್ರೇಡ್' 2011ರಲ್ಲಿ ಬಂತು. ಹತ್ತಿರ ಹತ್ತಿರ 200 ನಿಮಿಷ.

14 ವರ್ಷ ಅಂದ್ರೆ ಏನು ಅಂತ ಸ್ವಲ್ಪ ಯೋಚನೆ ಮಾಡಿ. ಗುಂಡೇಟಿನ ದಿನ ಎಲ್ಲಾ ಟಿವಿಯವರೂ ಬಂದಿದ್ದರು, ವಾರಕ್ಕೆ ಹೋದರು. ಇವರು ಸತ್ತವರ ಮನೆಗಳಿಗೆ ಮತ್ತೆ ಮತ್ತೆ ಹೋದರು. ಪೊಲೀಸರ ವಾದ ಏನಿತ್ತು ಅಂದ್ರೆ, ಜನ ಹೆದ್ದಾರಿಯಲ್ಲಿದ್ದ ಗ್ಯಾಸ್ ಟ್ಯಾಂಕರ್‌ಗಳಿಗೆ ಬೆಂಕಿ ಇಡೋಕೆ ಹೊರಟಿದ್ದರು, ಅದಕ್ಕೇ ಗುಂಡು ಹಾರಿಸಬೇಕಾಯ್ತು ಅಂತ. ಎಷ್ಟೋ ಜನ ಅದನ್ನೇ ನಂಬಿದರು. ಚಿತ್ರ ಆ ವಾದವನ್ನ ಎತ್ತಿಕೊಂಡು ಒಂದೊಂದಾಗಿ ಪರೀಕ್ಷೆ ಮಾಡುತ್ತೆ. ಟ್ಯಾಂಕರ್ ಎಲ್ಲಿತ್ತು, ಪೊಲೀಸರು ಎಲ್ಲಿದ್ದರು, ಜನ ಎಲ್ಲಿ ಬಿದ್ದರು. ಇದು ತನಿಖೆ. ಪೊಲೀಸರು ಮಾಡಬೇಕಾದ ಮಹಜರನ್ನ ಕ್ಯಾಮೆರಾ ಮಾಡಿತು.

ನ್ಯಾಯಮೂರ್ತಿ ಗುಂಡೇವಾರ್ ಆಯೋಗ ಕೂಡ ಆ ಗೋಲಿಬಾರ್ ಸಮರ್ಥನೀಯ ಅಲ್ಲ ಅಂತ ಹೇಳಿತು. ಆದೇಶ ಕೊಟ್ಟ ಸಬ್ ಇನ್‌ಸ್ಪೆಕ್ಟರ್ ಮನೋಹರ್ ಕದಂಗೆ ಸೆಷನ್ಸ್ ಕೋರ್ಟು ಜೀವಾವಧಿ ಶಿಕ್ಷೆ ಕೊಟ್ಟಿದ್ದು 2009ರಲ್ಲಿ. ಅಂದ್ರೆ 12 ವರ್ಷಕ್ಕೆ. ಹೈಕೋರ್ಟು ಶಿಕ್ಷೆ ಅಮಾನತ್ತಿನಲ್ಲಿಟ್ಟು ಜಾಮೀನು ಕೊಟ್ಟಿತು. ಒಂದು ವರ್ಷ ಇದ್ದು ಹೋಗೋ ಕ್ಯಾಮೆರಾ ಈ ಯಾವುದನ್ನೂ ನೋಡ್ತಿರಲಿಲ್ಲ. ನ್ಯಾಯ ನಿಧಾನ ಅಂತ ಎಲ್ಲರೂ ಹೇಳ್ತೀವಿ. ಅದರ ನಿಧಾನಕ್ಕೆ ಸರಿಯಾಗಿ ನಿಂತು ನೋಡೋರು ಯಾರು?

ಆ 14 ವರ್ಷದಲ್ಲಿ ಚಿತ್ರ ಇನ್ನೂ ಏನೇನೋ ನೋಡುತ್ತೆ. ಮುಂಬೈನ ಕಸ ಬರಿಗೈಯಲ್ಲಿ ಎತ್ತೋ ನಮ್ಮವರ ಬದುಕು. 2006ರ ಖೈರ್ಲಾಂಜಿ. ರಮಾಬಾಯಿ ನಗರದ ಗೋಲಿಬಾರ್ ನಡೆದಾಗ ಅಧಿಕಾರದಲ್ಲಿದ್ದ ಪಕ್ಷಗಳ ಜೊತೆಗೇ ನಮ್ಮ ನಾಯಕರು ಕೈ ಜೋಡಿಸಿ ವೇದಿಕೆ ಹತ್ತಿದ್ದು. ಇದನ್ನ ನೋಡುವಾಗ ನನಗೆ ಮಹಾರಾಷ್ಟ್ರ ದೂರ ಅನ್ನಿಸಲಿಲ್ಲ. ನಮ್ಮ ದಸಂಸದ ಕಥೆ ನಮಗೆ ಗೊತ್ತಿಲ್ವಾ? ತಮಟೆ ಹಿಡಿದು ಹಳ್ಳಿ ಹಳ್ಳಿ ಹಾಡಿದ ಎಷ್ಟು ಅಣ್ಣಂದಿರು ಬಣ ಒಡೆದ ಮೇಲೆ ಮನೆ ಸೇರಿದರು? ಅವರಲ್ಲಿ ಎಷ್ಟು ಜನರ ದನಿ ಎಲ್ಲಾದರೂ ರೆಕಾರ್ಡ್ ಆಗಿದೆ?

ನಾನು ಆ ಚಿತ್ರ ನೋಡಿದ್ದು ನಮ್ಮ ಊರಿನ ಅಂಬೇಡ್ಕರ್ ಭವನದಲ್ಲಿ. ಎರವಲು ಪ್ರೊಜೆಕ್ಟರ್, ಬಿಳಿ ಪಂಚೆಯ ಪರದೆ. ಮರಾಠಿ ಯಾರಿಗೂ ಬರಲ್ಲ, ಇಂಗ್ಲಿಷ್ ಅಕ್ಷರ ಓದೋರು ನಾಲ್ಕು ಜನ. ಒಬ್ಬ ಮೇಷ್ಟ್ರು ಎದ್ದು ನಿಂತು ಮೂರು ಗಂಟೆ ಕನ್ನಡದಲ್ಲಿ ಹೇಳ್ತಾ ಹೋದರು. ಹಾಡು ಬಂದಾಗ ಮಾತ್ರ ಅವರು ಸುಮ್ಮನಾಗ್ತಿದ್ದರು. ಆಗೆಲ್ಲಾ ನಮ್ಮ ಅಮ್ಮಂದಿರು ಭಾಷೆ ಗೊತ್ತಿಲ್ಲದೇ ಚಪ್ಪಾಳೆ ಹಾಕಿದರು. ಮಧ್ಯದಲ್ಲಿ ಕರೆಂಟ್ ಹೋಯ್ತು. ಒಬ್ಬರೂ ಎದ್ದು ಹೋಗಲಿಲ್ಲ.

ಚಿತ್ರದ ಕೊನೆಯ ಭಾಗದಲ್ಲಿ ಪುಣೆಯ ಕಬೀರ್ ಕಲಾ ಮಂಚ್‌ನ ಹುಡುಗ ಹುಡುಗಿಯರು ಬರ್ತಾರೆ. ಶೀತಲ್ ಸಾಠೆ ಹಾಡ್ತಾಳೆ. 2011ರಲ್ಲಿ ಆ ತಂಡದವರ ಮೇಲೆ ಯುಎಪಿಎ ಕೇಸು ಬಿತ್ತು. ಕೆಲವರು ಜೈಲಿಗೆ, ಶೀತಲ್ ಮತ್ತು ಸಚಿನ್ ಮಾಳಿ ಭೂಗತ. 2013ರ ಏಪ್ರಿಲ್ 2ರಂದು ಇಬ್ಬರೂ ಮುಂಬೈ ವಿಧಾನ ಭವನದ ಮುಂದೆ ಬಂದು, ನಾವು ತಪ್ಪು ಮಾಡಿಲ್ಲ, ಹಾಡಿದ್ದೇವೆ ಅಂತ ಶರಣಾದರು. ಆಕೆ ಆಗ ಗರ್ಭಿಣಿ. ಜೂನ್‌ನಲ್ಲಿ ಆಕೆಗೆ ಜಾಮೀನು ಸಿಕ್ತು. ಸಚಿನ್ ಹೊರಗೆ ಬಂದಿದ್ದು 2017ರಲ್ಲಿ, ಸುಪ್ರೀಂ ಕೋರ್ಟಿನಿಂದ. ಆ ಹುಡುಗರ ಪರವಾಗಿ ಸಮಿತಿ ಕಟ್ಟಿ ಓಡಾಡಿದವರಲ್ಲಿ ಪಟವರ್ಧನ್ ಒಬ್ಬರು. ಚಿತ್ರ ಮುಗಿದು ಪ್ರಶಸ್ತಿ ಬಂದಾಗಿತ್ತು. ಬೇಕಿದ್ದರೆ ಮುಂದಿನ ಚಿತ್ರಕ್ಕೆ ಹೋಗಬಹುದಿತ್ತು.

2013ರ ಆಗಸ್ಟ್ 20ರಂದು ಪುಣೆಯಲ್ಲಿ ನರೇಂದ್ರ ದಾಭೋಲ್ಕರ್ ಕೊಲೆಯಾಯ್ತು. ಮರುದಿನ ಅದೇ ಪುಣೆಯಲ್ಲಿ 'ಜೈ ಭೀಮ್ ಕಾಮ್ರೇಡ್' ತೋರಿಸಿ, ಕಬೀರ್ ಕಲಾ ಮಂಚ್‌ನವರನ್ನ ಹಾಡಿಸಿದ ಫಿಲ್ಮ್ ಇನ್‌ಸ್ಟಿಟ್ಯೂಟಿನ ವಿದ್ಯಾರ್ಥಿಗಳ ಮೇಲೆ ಹಲ್ಲೆ ಆಯ್ತು. ಅಲ್ಲಿಂದ ಪಟವರ್ಧನ್ ಇನ್ನೊಂದು ದಾರಿ ಹಿಡಿದರು. ದಾಭೋಲ್ಕರ್, 2015ರ ಫೆಬ್ರವರಿಯಲ್ಲಿ ಪಾನ್ಸರೆ, ಆಗಸ್ಟ್ 30ಕ್ಕೆ ನಮ್ಮ ಧಾರವಾಡದಲ್ಲಿ ಕಲಬುರ್ಗಿ ಸರ್, 2017ರ ಸೆಪ್ಟೆಂಬರ್ 5ಕ್ಕೆ ಬೆಂಗಳೂರಲ್ಲಿ ಗೌರಿ ಮೇಡಂ. ನಡುವೆ 2016ರಲ್ಲಿ ರೋಹಿತ್ ವೇಮುಲ, ಊನಾ. 2018ರ 'ವಿವೇಕ್' ಇವನ್ನೆಲ್ಲಾ ಒಂದೇ ದಾರದಲ್ಲಿ ಪೋಣಿಸುತ್ತೆ. ಆಮ್‌ಸ್ಟರ್‌ಡ್ಯಾಮ್‌ನ ಸಾಕ್ಷ್ಯಚಿತ್ರೋತ್ಸವದಲ್ಲಿ ಅದಕ್ಕೆ ಅತ್ಯುತ್ತಮ ಚಿತ್ರ ಪ್ರಶಸ್ತಿ. ಇಲ್ಲಿ? 2019ರಲ್ಲಿ ಕೇರಳದ ಉತ್ಸವದಲ್ಲಿ ತೋರಿಸೋಕೆ ಕೇಂದ್ರ ಅನುಮತಿ ಕೊಡಲಿಲ್ಲ, ಮತ್ತೆ ಹೈಕೋರ್ಟು, ಮತ್ತೆ ಗೆಲುವು. 69 ವರ್ಷದ ಮನುಷ್ಯ 25 ವರ್ಷದ ಹಿಂದೆ ಹತ್ತಿದ ಅದೇ ಮೆಟ್ಟಿಲು ಹತ್ತಿದರು.

ಈಗ ಮೊದಲು ಹೇಳಿದ ಲೆಕ್ಕ.

ಪದೇ ಪದೇ ಕೋರ್ಟು ಹತ್ತೋ ಧೈರ್ಯ ಅವರ ಗುಣ, ಒಪ್ತೀನಿ. ಆ ಧೈರ್ಯಕ್ಕೆ ಬೆನ್ನು ಕೊಟ್ಟಿದ್ದು ಅವರ ಹುಟ್ಟು, ಇದನ್ನೂ ಹೇಳಬೇಕು. ಅದೇ ಚಿತ್ರದಲ್ಲಿ ಹಾಡಿದ ಶೀತಲ್ ಭೂಗತ ಆಗಬೇಕಾಯ್ತು. ಚಿತ್ರ ತೆಗೆದವರು ಆಗಲಿಲ್ಲ. ಮಧುರೈನ ದಿವ್ಯಭಾರತಿ ಮಲ ಹೊರುವವರ ಬಗ್ಗೆ 'ಕಕ್ಕೂಸ್' ಚಿತ್ರ ಮಾಡಿದರು. 2017ರಲ್ಲಿ ಚಿತ್ರ ಹೊರಗೆ ಬಂದ ಕೆಲವೇ ತಿಂಗಳಿಗೆ ಪೊಲೀಸರು 2009ರ ಯಾವುದೋ ಪ್ರತಿಭಟನೆಯ ಹಳೇ ಕೇಸು ತೆಗೆದು ಬಂಧಿಸಿದರು. ಕ್ಯಾಮೆರಾ ಒಂದೇ ಆದ್ರೂ ಹಿಡಿದ ಕೈ ಯಾರದ್ದು ಅನ್ನೋದರ ಮೇಲೆ ಬೆಲೆ ಕಟ್ಟಬೇಕಾಗುತ್ತೆ.

ನಮ್ಮ ಕಥೆಯನ್ನ ನಾವೇ ಹೇಳಬೇಕು ಅನ್ನೋರ ಪಕ್ಷ ನಾನು. ಹೈದರಾಬಾದಿನಿಂದ ಶುರುವಾದ 'ದಲಿತ್ ಕ್ಯಾಮೆರಾ' ನೋಡಿ ಬೆಳೆದ ಹುಡುಗರು ನಮ್ಮಲ್ಲೂ ಇದ್ದಾರೆ. ಆದ್ರೆ ಆ ಮಾತು ಹೇಳಿದ ಮೇಲೆ ನನ್ನನ್ನೇ ಕೇಳಿಕೊಳ್ಳಬೇಕಾದ ಪ್ರಶ್ನೆ ಒಂದಿದೆ. ಆ ಬ್ರಾಹ್ಮಣರ ಮನೆ ಹುಡುಗ ರಮಾಬಾಯಿ ನಗರಕ್ಕೆ 14 ವರ್ಷ ಹೋದ. ನಾನು ನನ್ನದೇ ಜಾತಿಯ ತಾಯಿ ಮನೆಗೆ, 18 ಕಿಲೋಮೀಟರ್ ದೂರಕ್ಕೆ, ಒಂದೂವರೆ ವರ್ಷ ಹೋಗಲಿಲ್ಲ. ಇದಕ್ಕೆ ನನ್ನ ಹತ್ರ ಸಿದ್ಧಾಂತದ ಉತ್ತರ ಇಲ್ಲ.

ಕಂಬಾಲಪಲ್ಲಿ ನೆನಪಿದೆಯಲ್ಲ. 2000ದ ಮಾರ್ಚ್ 11, ಏಳು ಜನರನ್ನ ಜೀವಂತ ಸುಟ್ಟರು. ದೇಶವೇ ಬಂದು ನೋಡಿತು. ಸಾಕ್ಷಿಗಳು ತಿರುಗಿ ಬಿದ್ದರು. 2006ರಲ್ಲಿ ಎಲ್ಲರೂ ಖುಲಾಸೆ, 2014ರಲ್ಲಿ ಹೈಕೋರ್ಟು ಅದನ್ನೇ ಎತ್ತಿ ಹಿಡಿಯಿತು. ಸಾಕ್ಷಿ ತಿರುಗಿ ಬೀಳೋದು ಕೋರ್ಟಿನ ಕಟಕಟೆಯಲ್ಲಿ ಅಲ್ಲ ಬಂಧುಗಳೇ. ನಾವೆಲ್ಲಾ ವಾಪಸ್ ಬಂದ ಮೇಲೆ, ಅದೇ ಊರಲ್ಲಿ ಅದೇ ಜಮೀನಿಗೆ ಕೂಲಿಗೆ ಹೋಗಬೇಕಾದ ಬೆಳಿಗ್ಗೆಗಳಲ್ಲಿ, ಒಂದೊಂದು ದಿನ ಸ್ವಲ್ಪ ಸ್ವಲ್ಪ ತಿರುಗ್ತಾರೆ.

ಆ ಹಾಸ್ಟೆಲ್ ಹುಡುಗನಿಗೆ ಈಗ ಉತ್ತರ ಹೇಳ್ತೀನಿ.

ತಮ್ಮಾ, ವಿಡಿಯೊ ತೆಗೆದವನು ಆ ಫೋನನ್ನ ಮಾರಬಾರದು, ರಿಸೆಟ್ ಮಾಡಬಾರದು. ವಾಟ್ಸಾಪಲ್ಲಿ ಸುತ್ತಿದ ಪ್ರತಿಯನ್ನ ಎದುರು ವಕೀಲ ಒಂದೇ ಪ್ರಶ್ನೆಗೆ ಉರುಳಿಸ್ತಾನೆ. ಎಲೆಕ್ಟ್ರಾನಿಕ್ ಸಾಕ್ಷ್ಯಕ್ಕೆ ಪ್ರಮಾಣಪತ್ರ ಬೇಕು. ಮೊದಲು ಅದು 65ಬಿ ಕಲಂ, ಈಗ ಹೊಸ ಸಾಕ್ಷ್ಯ ಕಾಯ್ದೆಯ 63ನೇ ಕಲಂ. ಎಫ್‌ಐಆರ್ ಆದ ವಾರದಲ್ಲೇ ವಕೀಲರನ್ನ ಹಿಡಿದು ಇದನ್ನ ಮಾಡಿಸಬೇಕು. ದೌರ್ಜನ್ಯ ತಡೆ ಕಾಯ್ದೆಗೆ 2016ರಿಂದ 15ಎ ಅನ್ನೋ ಕಲಂ ಬಂದಿದೆ. ಸಂತ್ರಸ್ತರಿಗೆ, ಸಾಕ್ಷಿಗಳಿಗೆ ರಕ್ಷಣೆ, ಓಡಾಟದ ಖರ್ಚು ಸರ್ಕಾರದ ಹೊಣೆ. ಆರೋಪಿಯ ಜಾಮೀನಿನ ವಿಚಾರಣೆಯಲ್ಲಿ ಸಂತ್ರಸ್ತರ ಮಾತು ಕೇಳಲೇಬೇಕು. ಅದೇ ಕಲಮಿನ 10ನೇ ಉಪಕಲಂ ಪ್ರಕಾರ ಈ ಕಾಯ್ದೆಯ ಪ್ರಕರಣದ ನಡಾವಳಿಯನ್ನ ವಿಡಿಯೊ ರೆಕಾರ್ಡ್ ಮಾಡಬೇಕು. ಕೋರ್ಟಿನ ಒಳಗೂ ಕ್ಯಾಮೆರಾ ಇರಬೇಕು ಅಂತ ಕಾನೂನೇ ಹೇಳುತ್ತೆ. ನಮ್ಮಲ್ಲಿ ಎಷ್ಟು ಜನ ಅದನ್ನ ಅರ್ಜಿ ಹಾಕಿ ಕೇಳಿದ್ದೀವಿ? ನಾನು ಕೇಳಿಲ್ಲ.

ಆಮೇಲೆ ತಿಂಗಳಿಗೊಂದು ಸಲ ಆ ಊರಿಗೆ ಹೋಗಬೇಕು. ಸುದ್ದಿ ಇರಲಿ ಬಿಡಲಿ. ಒಂದು ನೋಟ್‌ಬುಕ್ಕಲ್ಲಿ ತಾರೀಖು ಹಾಕಿ ಬರೆದಿಡಬೇಕು. ಯಾರು ಬೆದರಿಸಿದರು, ಯಾರಿಗೆ ಕೂಲಿ ನಿಲ್ಲಿಸಿದರು, ಮುಂದಿನ ವಾಯಿದೆ ಯಾವತ್ತು. ಕನ್ನಡದಲ್ಲಿ ಡಾಕ್ಯುಮೆಂಟರಿಗೆ ಸಾಕ್ಷ್ಯಚಿತ್ರ ಅಂತ ಒಳ್ಳೇ ಹೆಸರಿಟ್ಟಿದ್ದಾರೆ. ನಾವು ಚಿತ್ರ ತೆಗೀತಿದ್ದೀವಿ, ಸಾಕ್ಷ್ಯ ಉಳಿಸ್ತಿಲ್ಲ. ಕೇಸು ನಿಲ್ಲದೇ ಇರೋದಕ್ಕೆ ನನಗೆ ಗೊತ್ತಿರೋ ಕಾರಣ ಇದು. ಪೊಲೀಸರು, ಸರ್ಕಾರ, ಜಾತಿ ಎಲ್ಲಾ ಇದ್ದೇ ಇದೆ. ಅವರ ತಪ್ಪಿನ ಬಗ್ಗೆ ದಿನಾ ಬರೀತೀನಿ. ಇವತ್ತು ನನ್ನದು ಬರೆದೆ.

ಆ ಹಳ್ಳಿಯ ಕೇಸು ಇನ್ನೂ ಮುಗಿದಿಲ್ಲ. ಮುಂದಿನ ವಾಯಿದೆ ಆಗಸ್ಟಲ್ಲಿ ಇದೆ. ಇನ್ನೂ ಮೂವರು ಸಾಕ್ಷಿಗಳು ಬಾಕಿ ಇದ್ದಾರೆ. ಈ ಭಾನುವಾರ ಹೋಗ್ತಿದ್ದೀನಿ. ಪ್ರಶ್ನೆ ಕೇಳಿದ ಹುಡುಗನೂ ಬರ್ತೀನಿ ಅಂದಿದ್ದಾನೆ. ಬರೋ ಆಸೆ ಇರೋರು ಇನ್‌ಬಾಕ್ಸಲ್ಲಿ ತಿಳಿಸಿ. ಒಂದೇ ಷರತ್ತು, ಈ ಸಲ ಯಾರೂ ಫೋನ್ ಹೊರಗೆ ತೆಗೆಯಂಗಿಲ್ಲ. ಮೊದಲು ಆ ತಾಯಿ ಜೊತೆ ಕೂತು ಹುಣಸೆಹಣ್ಣು ಬಿಡಿಸೋಣ.

ರಮಾಬಾಯಿ ನಗರದ ಹತ್ತು ಜನರಿಗೆ, ಶಾಹೀರ್ ವಿಲಾಸ್ ಘೋಗ್ರೆಗೆ ನಮನ.

ಜೈ ಭೀಮ್.